ವಾತ್ಸಲ್ಯ: ಹಟ್ಟಿಯಿಂದ ಬಂದ ಮಾತು

ಕಳೆದ ವಾರ ಮತ್ತೊಮ್ಮೆ ಓದಿದೆ. ಒಡೆಯ ತೀರಿಹೋದ ಮೇಲೆ ಅನ್ನ ಮುಟ್ಟದೆ ಜಗಲಿಯಲ್ಲಿ ಮಲಗಿದ ನಾಯಿಯ ಸುದ್ದಿ. ಓದಿದರೆ ಕರುಳು ಚುರ್ ಎನ್ನುತ್ತದೆ. ಆದರೆ ತಲೆಬರಹ ಹೀಗಿತ್ತು: ‘ಯಜಮಾನನ ಮೇಲೆ ಶ್ವಾನದ ವಾತ್ಸಲ್ಯ’. ಇದೇ ತಪ್ಪನ್ನು ಈ ವರ್ಷ ಎಷ್ಟು ಸಲ ನೋಡಿದೆನೋ ಲೆಕ್ಕವಿಲ್ಲ. ನಾಯಿಗೆ ದುಃಖ ಆಗಿರುವುದರಲ್ಲಿ ನನಗೆ ಸಂಶಯವಿಲ್ಲ. ಆದರೆ ಆ ದುಃಖದ ಹೆಸರು ವಾತ್ಸಲ್ಯ ಅಲ್ಲ.

ವಾತ್ಸಲ್ಯ ಇಳಿಜಾರಿನಲ್ಲಿ ಹರಿಯುವ ನೀರು. ದೊಡ್ಡವರಿಂದ ಚಿಕ್ಕವರಿಗೆ, ಕಾಯುವವರಿಂದ ಕಾಯಿಸಿಕೊಳ್ಳುವವರಿಗೆ ಇಳಿಯುತ್ತದೆ. ಅಜ್ಜಿಗೆ ಮೊಮ್ಮಗಳ ಮೇಲೆ ವಾತ್ಸಲ್ಯ, ಮೊಮ್ಮಗಳಿಗೆ ಅಜ್ಜಿಯ ಮೇಲೆ ಪ್ರೀತಿ. ದೇವರು ಭಕ್ತವತ್ಸಲ, ಭಕ್ತ ದೇವವತ್ಸಲ ಆಗುವುದಿಲ್ಲ. 2024ರಲ್ಲಿ ಮಕ್ಕಳ ಹೆಸರಿನಲ್ಲಿ ತಂದೆ ತಾಯಿ ಹಣ ಕಟ್ಟುವ ಪಿಂಚಣಿ ಯೋಜನೆಗೆ ಕೇಂದ್ರ ಸರಕಾರ ‘ಎನ್‌ಪಿಎಸ್ ವಾತ್ಸಲ್ಯ’ ಎಂದು ಹೆಸರಿಟ್ಟಿತಲ್ಲ, ಅಲ್ಲಿ ಮಾತು ಸರಿಯಾಗಿ ಕೂತಿದೆ.

ಈ ದಿಕ್ಕು ಎಲ್ಲಿಂದ ಬಂತು ಎಂದು ನೋಡಲು ಹಟ್ಟಿಗೇ, ಅಂದರೆ ದನದ ಕೊಟ್ಟಿಗೆಗೇ ಹೋಗಬೇಕು. ‘ವತ್ಸ’ ಎಂದರೆ ಮೊದಲು ಕರು. ಋಷಿಗಳು ಶಿಷ್ಯನನ್ನು ‘ವತ್ಸ’ ಎಂದು ಕರೆಯುವುದೆಲ್ಲ ಆಮೇಲಿನದು. ಅದಕ್ಕಿಂತ ಹಿಂದೆ ಹೋದರೆ ಈ ಮಾತಿನ ಬೇರು ‘ವರ್ಷ’ ಎಂಬ ಅರ್ಥದಲ್ಲಿದೆ. ವತ್ಸರ ಎಂದರೆ ವರ್ಷ. ಯುಗಾದಿಗೆ ಪಂಚಾಂಗದಲ್ಲಿ ಓದುವ ಸಂವತ್ಸರವೂ ಅದೇ. ವತ್ಸ ಅಂದರೆ ವರ್ಷದ ಮರಿ, ಇನ್ನೂ ತಾಯಿಯ ಹಿಂದೆ ಓಡಾಡುವ ವಯಸ್ಸಿನದು. ಲ್ಯಾಟಿನ್ನಿನಲ್ಲಿ ಕರುವಿಗೆ ‘ವಿಟುಲುಸ್’ ಎನ್ನುತ್ತಾರೆ. ಅದೂ ಇದೇ ಬೇರಿನ ಮಾತು. ಅಲ್ಲಿಂದ ಹೊರಟು ಫ್ರೆಂಚ್ ದಾಟಿ ಬಂದದ್ದು ಇಂಗ್ಲಿಷಿನ ‘ವೀಲ್’, ಅಂದರೆ ಕರುವಿನ ಮಾಂಸ. ಒಂದೇ ಬೇರು. ಒಂದು ಕಡೆ ಊಟದ ತಟ್ಟೆಗೆ ಹೋಯಿತು, ಇನ್ನೊಂದು ಕಡೆ ತಾಯಿಯ ಎದೆಗೆ ಬಂತು.

ಎದೆಗೆ ಬಂದ ದಾರಿಯನ್ನು ಪಾಣಿನಿ ಒಂದೇ ಸೂತ್ರದಲ್ಲಿ ಹೇಳಿದ್ದಾನೆ: ‘ವತ್ಸಾಂಸಾಭ್ಯಾಂ ಕಾಮಬಲೇ’. ಅಷ್ಟಾಧ್ಯಾಯಿಯ 5ನೇ ಅಧ್ಯಾಯ, 2ನೇ ಪಾದ, 98ನೇ ಸೂತ್ರ. ‘ಅಂಸ’ ಅಂದರೆ ಹೆಗಲು. ಅದಕ್ಕೆ ‘ಲ’ ಸೇರಿದರೆ ಅಂಸಲ, ಬಲಶಾಲಿ. ‘ವತ್ಸ’ಕ್ಕೆ ‘ಲ’ ಸೇರಿದರೆ ವತ್ಸಲ, ಅಕ್ಕರೆ ತುಂಬಿದವನು ಅಥವಾ ಅಕ್ಕರೆ ತುಂಬಿದವಳು. ಹೆಗಲಿನಿಂದ ಬಲ, ಕರುವಿನಿಂದ ಅಕ್ಕರೆ. ಮನುಷ್ಯರ ತಾಯ್ತನಕ್ಕೆ ಹೆಸರು ಬೇಕಾದಾಗ ಹಳಬರು ದನವನ್ನು ನೋಡಿ ಕಲಿತರು. ನಾವು ಪ್ರಾಣಿಗಳಿಗೆ ಮನುಷ್ಯರ ಭಾವನೆಯನ್ನು ಸಾಲ ಕೊಡುತ್ತೇವೆ ಎಂದು ಹೇಳುವವರಿದ್ದಾರೆ. ಇಲ್ಲಿ ಸಾಲ ತಂದವರು ನಾವು.

ನೋಡಿದ್ದಾದರೂ ಏನನ್ನು? ಆಗಷ್ಟೇ ಹಾಕಿದ ಕರುವಿನ ಮೈಮೇಲಿನ ಲೋಳೆಯನ್ನು ದನ ಅಸಹ್ಯಪಡದೆ ನೆಕ್ಕುವುದನ್ನು. ಶ್ರೀವೈಷ್ಣವರಲ್ಲಿ ತೆಂಕಲೆ ಪಂಥದವರು ದೇವರ ವಾತ್ಸಲ್ಯವನ್ನು ವಿವರಿಸುವಾಗ ಇದನ್ನೇ ತೋರಿಸುತ್ತಾರೆ. ದನಕ್ಕೆ ಆ ಕೊಳೆ ಹೇಗೋ ದೇವರಿಗೆ ಭಕ್ತನ ದೋಷವೂ ಹಾಗೆಯೇ ಎನ್ನುತ್ತಾರೆ. ಆದ್ದರಿಂದ ಈ ಮಾತಿನೊಳಗೆ ಬರೇ ಮುದ್ದು ಇಲ್ಲ, ಕೊಳೆ ತೆಗೆಯುವ ಕೆಲಸವೂ ಇದೆ.

ಮುದ್ದಿಗೆ ನಮ್ಮ ಕಾಸರಗೋಡಿನಲ್ಲಿ ಬೇರೆಯೇ ಒಂದು ಚಂದದ ಮಾತಿದೆ: ಕೊಂಡಾಟ. ಘಟ್ಟದ ಮೇಲೆ ಕೊಂಡಾಡುವುದು ಅಂದರೆ ಹೊಗಳುವುದು. ಇಲ್ಲಿ ಕೊಂಡಾಟ ಅಂದರೆ ಎತ್ತಿ ಆಡಿಸುವುದು, ಮುದ್ದು ಮಾಡುವುದು. ನಾಯಿಮರಿಗೆ ಅಂಗಿ ಹೊಲಿಸಿ ಫೋಟೋ ತೆಗೆದರೆ ಅದು ಕೊಂಡಾಟ. ಅದೇ ಮರಿಗೆ ರಾತ್ರಿ ಹನ್ನೆರಡಕ್ಕೆ ಭೇದಿ ಶುರುವಾದಾಗ ಎದ್ದು ಒರೆಸಿ, ಬೆಳಿಗ್ಗೆ ಮೃಗಾಸ್ಪತ್ರೆಗೆ ಒಯ್ದರೆ ವಾತ್ಸಲ್ಯ. (ಮೃಗಾಸ್ಪತ್ರೆ ಎಂದದ್ದಕ್ಕೆ ಘಟ್ಟದ ಮೇಲಿನವರು ಗಾಬರಿಯಾಗಬೇಡಿ. ಮಲಯಾಳದಲ್ಲಿ ದನವೂ ಮೃಗವೇ. ನಾವು ಗಡಿಯವರು, ಆ ಮಾತು ನಮ್ಮ ಬಾಯಿಗೂ ಬಂದಿದೆ.)

ನಮ್ಮ ಅಜ್ಜಿಯ ಹಟ್ಟಿಯಲ್ಲಿ ಒಂದೋ ಎರಡೋ ಕಾಸರಗೋಡು ಗಿಡ್ಡ ದನಗಳಿದ್ದವು. ಹಾಲು ಕಮ್ಮಿ, ಮನೆಮಂದಿ ಜಾಸ್ತಿ. ಆದರೂ ನಾನು ಕರೆಯಲು ಕೂತರೆ ಅಜ್ಜಿ ಹಿಂದಿನಿಂದ ಹೇಳುತ್ತಿದ್ದರು, “ಸುರುವಿಂಗೆ ಕಂಜಿಯ ಬಿಡು, ಮತ್ತೆ ಚೆಂಬು ಹಿಡಿ.” ಕಂಜಿ ಅಂದರೆ ಕರು. ಅದು ಬಂದು ಕೆಚ್ಚಲಿಗೆ ಗುದ್ದಿದರೆ ದನದ ಮೈಯಲ್ಲಿ ಆಕ್ಸಿಟೋಸಿನ್ ಎಂಬ ಹಾರ್ಮೋನು ಏರುತ್ತದೆ, ಹಾಲು ಇಳಿಯುತ್ತದೆ. ಅಜ್ಜಿಗೆ ಆ ಹೆಸರು ಗೊತ್ತಿರಲಿಲ್ಲ. ಯಾರ ಪಾಲು ಮೊದಲು ಎಂಬುದು ಗೊತ್ತಿತ್ತು.

ಕರು ಸತ್ತರೆ ಅದರ ಚರ್ಮಕ್ಕೆ ಬೈಹುಲ್ಲು ತುಂಬಿ ದನದ ಮುಂದೆ ನಿಲ್ಲಿಸುವ ರೂಢಿ ನಮ್ಮ ದೇಶದ ಹಲವು ಕಡೆ ಇತ್ತು. ದನ ಅದನ್ನು ನೆಕ್ಕುತ್ತದೆ, ನಂಬುತ್ತದೆ, ಹಾಲು ಬಿಡುತ್ತದೆ. ಬಡತನದಲ್ಲಿ ಮಾಡಿದವರನ್ನು ದೂರಲು ನನಗೆ ಬಾಯಿ ಬರುವುದಿಲ್ಲ. ಆದರೆ ಅದು ಮೋಸ. ವಾತ್ಸಲ್ಯವನ್ನೇ ಹಿಂಡಿಕೊಂಡ ಹಾಗೆ.

ಆಕ್ಸಿಟೋಸಿನ್ ಹೆಸರು ಹೇಳಿದರೆ ಕೆಲವರು ನನ್ನನ್ನೇ ಹಿಡಿಯುತ್ತಾರೆ. 2015ರಲ್ಲಿ ಜಪಾನಿನ ವಿಜ್ಞಾನಿಗಳು ನಾಯಿಯೂ ಒಡೆಯನೂ ಕಣ್ಣಲ್ಲಿ ಕಣ್ಣಿಟ್ಟು ನೋಡಿಕೊಂಡಾಗ ಇಬ್ಬರಲ್ಲೂ ಇದೇ ಹಾರ್ಮೋನು ಏರುತ್ತದೆ ಎಂದು ತೋರಿಸಿದರು. ಮನುಷ್ಯರೇ ಬೆಳೆಸಿದ ತೋಳಗಳಲ್ಲಿ ಹಾಗಾಗಲಿಲ್ಲ. ‘ಹಾಗಾದರೆ ನಾಯಿಗೂ ವಾತ್ಸಲ್ಯ ಉಂಟಲ್ವಾ’ ಎಂದು ಕೇಳುತ್ತಾರೆ. ಉಂಟು, ತನ್ನ ಮರಿಗಳ ಮೇಲೆ. ನಮ್ಮನ್ನು ಅದು ನೋಡುವುದು ಮರಿ ತಾಯಿಯನ್ನು ನೋಡುವ ಹಾಗೆ. ಹಾರ್ಮೋನು ಒಂದೇ ಇರಬಹುದು, ಹೊಣೆ ಇರುವುದು ನಮ್ಮ ಕಡೆ.

ವತ್ಸ ಅಂದರೆ ಕರುವೂ ಹೌದು, ಮಗುವೂ ಹೌದು. ಈ ಎರಡು ಅರ್ಥ ನಮ್ಮ ಜಿಲ್ಲೆಯಲ್ಲಿ ಒಂದಾಗಿ ಬಂದದ್ದನ್ನು ನೆನೆದರೆ ಈಗಲೂ ಸಂಕಟವಾಗುತ್ತದೆ. 1970ರ ದಶಕದ ಕೊನೆಯಿಂದ 2000ದವರೆಗೆ ಗೇರು ತೋಟಗಳ ಮೇಲೆ ಹೆಲಿಕಾಪ್ಟರಿನಿಂದ ಎಂಡೋಸಲ್ಫಾನ್ ಎಂಬ ಕೀಟನಾಶಕ ಸುರಿದರು. ಎಣ್ಮಕಜೆಯ ಪಡ್ರೆಯಲ್ಲಿ 1979ರಲ್ಲೇ ಕಾಲು ಸೊಟ್ಟಗಾದ ಕರುಗಳು ಹುಟ್ಟಿದವು. ಪತ್ರಕರ್ತ ಶ್ರೀಪಡ್ರೆ 1981ರಲ್ಲೇ ಅದನ್ನು ಬರೆದರು. ಅದೇ ವಿಷಕ್ಕೆ ಸಿಕ್ಕಿದ ಮಕ್ಕಳ ಸಂಕಟ ದೇಶದ ಕಣ್ಣಿಗೆ ಬೀಳಲು ಮತ್ತೆ ಸುಮಾರು 20 ವರ್ಷ ಬೇಕಾಯಿತು. ಕರುವಿನ ಕಾಲನ್ನು ಆಗಲೇ ವಾತ್ಸಲ್ಯದಿಂದ ನೋಡಿದ್ದರೆ? ಈ ಪ್ರಶ್ನೆ ನನ್ನನ್ನು ಬಿಡುವುದಿಲ್ಲ.

ಹಾಗಾದರೆ ಜಗಲಿಯಲ್ಲಿ ಮಲಗಿದ ಆ ನಾಯಿಯ ದುಃಖಕ್ಕೆ ಏನನ್ನಬೇಕು? ಕನ್ನಡದಲ್ಲಿ ಮಾತಿಗೆ ಬರಗಾಲವೇ! ಅದು ತನ್ನ ಒಡೆಯರನ್ನು ಹಚ್ಚಿಕೊಂಡಿತ್ತು. ಅವರಿಲ್ಲದೆ ಅದಕ್ಕೆ ಆಗುತ್ತಿರಲಿಲ್ಲ. ಅನ್ನದ ಋಣ ಎನ್ನಬಹುದು, ಅಕ್ಕರೆ ಎನ್ನಬಹುದು. ಅಕ್ಕರೆ ಯಾವ ದಿಕ್ಕಿಗೂ ಹರಿಯುತ್ತದೆ.

2022ರ ಅಕ್ಟೋಬರ್ 9ರಂದು ನಮ್ಮ ಜಿಲ್ಲೆಯ ಅನಂತಪುರ ಸರೋವರ ದೇವಸ್ಥಾನದ ಮೊಸಳೆ ಬಬಿಯ ತೀರಿಕೊಂಡಾಗಲೂ ‘ಅರ್ಚಕರ ಮೇಲೆ ಮೊಸಳೆಯ ವಾತ್ಸಲ್ಯ’ ಎಂದು ಓದಿದ್ದೆ. ಅನ್ನದ ನೈವೇದ್ಯಕ್ಕೆ ಅದು ದಡಕ್ಕೆ ಬರುತ್ತಿದ್ದುದು ನಂಬಿಕೆ, ಬಳಕೆ. ಮೊಸಳೆಯ ವಾತ್ಸಲ್ಯ ನೋಡಬೇಕಿದ್ದರೆ ಗೂಡು ಅಗೆದು, ಮೊಟ್ಟೆಯೊಡೆದ ಮರಿಗಳನ್ನು ಬಾಯಲ್ಲಿ ಕಚ್ಚದೆ ಹಿಡಿದು ನೀರಿಗೆ ಬಿಡುವ ತಾಯಿಯನ್ನು ನೋಡಬೇಕು. 2023ರ ನವೆಂಬರಿನಲ್ಲಿ ಅದೇ ಕೆರೆಯಲ್ಲಿ ಇನ್ನೊಂದು ಮೊಸಳೆ ಕಾಣಿಸಿತು, ಚಿಕ್ಕದು. ಆಮೇಲೊಮ್ಮೆ ಹೋಗಿದ್ದಾಗ ಹಿರಿಯರೊಬ್ಬರು ಕಟ್ಟೆಯಿಂದ ಬಗ್ಗಿ ನೋಡಿ, “ಪಾಪ, ಹೊಟ್ಟೆಗೆ ಎಂತ ಸಿಕ್ಕಿತೋ ಏನೋ” ಎಂದರು. ಅದಕ್ಕೆ ವಾತ್ಸಲ್ಯ ಎನ್ನಿ, ನನ್ನ ತಕರಾರಿಲ್ಲ.