ಹತ್ತು ವರ್ಷದ ಮಾತು, ಮರಳದ ನೆಲ: ಕ್ಯಾಲಿಫೋರ್ನಿಯಾದ ಮಿಷನ್‌ಗಳ ಕಥೆ

1797ರಲ್ಲಿ ಸ್ಯಾನ್ ಫ್ರಾನ್ಸಿಸ್ಕೋದ ಸ್ಪ್ಯಾನಿಷ್ ಕೋಟೆಯ ಅಧಿಕಾರಿ ಹೊಸೆ ಅರ್ಗುಯೆಲ್ಯೊ ಕೆಲವು ಮೂಲನಿವಾಸಿಗಳ ಹೇಳಿಕೆಗಳನ್ನು ಬರೆಸಿಕೊಂಡ. ಅದಕ್ಕೆ ಎರಡು ವರ್ಷ ಮೊದಲು, ಮೂಲನಿವಾಸಿಗಳನ್ನು ಕ್ರೈಸ್ತರನ್ನಾಗಿಸಿ ನೆಲೆಗೊಳಿಸಲು ಪಾದ್ರಿಗಳು ನಡೆಸುತ್ತಿದ್ದ ಅಲ್ಲಿನ ಮಿಷನ್‌ನಿಂದ ಇನ್ನೂರಕ್ಕೂ ಹೆಚ್ಚು ಜನ ತಪ್ಪಿಸಿಕೊಂಡು ಹೋಗಿದ್ದರು. ಏಕೆ ಹೋದರೆಂಬುದು ಗವರ್ನರ್ ದಿಯೆಗೊ ದೆ ಬೊರಿಕಾನಿಗೆ ತಿಳಿಯಬೇಕಿತ್ತು. ಹೆಂಡತಿಯೂ ಮಗಳೂ ತೀರಿಕೊಂಡ ದುಃಖಕ್ಕೆ ಅಳುತ್ತಿದ್ದ ತನ್ನನ್ನು ಪಾದ್ರಿ ದಾಂತಿ ಐದು ಸಲ ಚಾಟಿಯಿಂದ ಹೊಡೆಸಿದರು, ಅದಕ್ಕೇ ಓಡಿಹೋದೆ ಎಂದು ಟಿಬುರ್ಸಿಯೊ ಎಂಬಾತ ಹೇಳಿದ. ತಾಯಿ, ಒಡಹುಟ್ಟಿದವರು ಮತ್ತು ಮನೆಯ ಮಕ್ಕಳು ಹಸಿವಿನಿಂದ ಸತ್ತರು, ತಾನೂ ಹಾಗೆ ಸಾಯಬಾರದೆಂದು ಓಡಿದೆ ಎಂದು ಲಿಬೊರಾತೊ ಹೇಳಿದ. ಉಳಿದವರದೂ ಹೆಚ್ಚುಕಡಿಮೆ ಇದೇ ಮಾತು: ಹಸಿವು, ಹೊಡೆತ, ಸಾವು.

ಇಂದು ಕ್ಯಾಲಿಫೋರ್ನಿಯಾಕ್ಕೆ ಹೋದ ಪ್ರವಾಸಿಗೆ ಮಿಷನ್ ಎಂದರೆ ಸುಣ್ಣ ಬಳಿದ ಗೋಡೆ, ಕೆಂಪು ಹೆಂಚು, ಗಂಟೆಗೋಪುರ ಮತ್ತು ಗುಲಾಬಿ ತೋಟ. ಸ್ಯಾನ್ ಡಿಯಾಗೋದಿಂದ ಉತ್ತರದ ಸೊನೋಮಾವರೆಗೆ, 1769ರಿಂದ 1823ರ ನಡುವೆ, ಫ್ರಾನ್ಸಿಸ್ಕನ್ ಪಾದ್ರಿಗಳು ಇಂತಹ 21 ಮಿಷನ್‌ಗಳನ್ನು ಕಟ್ಟಿಸಿದರು. ಅವುಗಳ ಬಗ್ಗೆ ಮಾತು ಬಂದಾಗ ಚರ್ಚೆ ಸಾಮಾನ್ಯವಾಗಿ ಧರ್ಮದ ಸುತ್ತ ನಿಲ್ಲುತ್ತದೆ: ಮತಾಂತರ ಒತ್ತಾಯದಿಂದ ಆಯಿತೇ, ಒಪ್ಪಿಗೆಯಿಂದಲೇ? ಆ ಪ್ರಶ್ನೆಯೂ ಬೇಕು. ಆದರೆ ನನ್ನ ದೃಷ್ಟಿಯಲ್ಲಿ ಅದಕ್ಕಿಂತ ದೊಡ್ಡದು ನೆಲದ ಪ್ರಶ್ನೆ. ಸ್ಪೇನ್ ಆ ಜನರಿಗೆ ಒಂದು ಮಾತು ಕೊಟ್ಟಿತ್ತು. ಆ ಮಾತನ್ನು ಸ್ಪೇನ್ ಉಳಿಸಿಕೊಳ್ಳಲಿಲ್ಲ, ಅದರ ನಂತರ ಬಂದ ಎರಡು ಸರ್ಕಾರಗಳೂ ಉಳಿಸಿಕೊಳ್ಳಲಿಲ್ಲ.

1493ರಲ್ಲಿ ಪೋಪ್ ಆರನೇ ಅಲೆಕ್ಸಾಂಡರ್ ಹೊಸದಾಗಿ ಕಂಡ ನೆಲಗಳ ಹಕ್ಕನ್ನು ಸ್ಪೇನ್‌ಗೆ ಬರೆದುಕೊಟ್ಟರು. ಅಲ್ಲಿನವರನ್ನು ಕ್ರೈಸ್ತರನ್ನಾಗಿ ಮಾಡುವುದು ಆ ಹಕ್ಕಿನ ಜೊತೆಗೆ ಬಂದ ಹೊಣೆ. ಮರುವರ್ಷ ಸ್ಪೇನ್ ಮತ್ತು ಪೋರ್ಚುಗಲ್ ಮಾಡಿಕೊಂಡ ಟೊರ್ಡೆಸಿಯಾಸ್ ಒಪ್ಪಂದದ ನಂತರ ಪೂರ್ವ ದಿಕ್ಕು ಪೋರ್ಚುಗಲ್ ಪಾಲಿಗೆ ಬಿತ್ತು. ಗೋವಾದ, ನಮ್ಮ ಕರಾವಳಿಯ ಚರ್ಚುಗಳ ಚರಿತ್ರೆಗೆ ಪೋರ್ಚುಗೀಸ್ ದೊರೆಗಳು ಅಂಟಿಕೊಂಡಿರುವುದಕ್ಕೂ ಇದೇ ಹಂಚಿಕೆ ಕಾರಣ. ಮತಾಂತರ ದೊರೆಯ ಹೊಣೆಯಾದ್ದರಿಂದ ಸ್ಪೇನ್‌ನ ವಸಾಹತುಗಳಲ್ಲಿ ಪಾದ್ರಿ ಒಂದು ರೀತಿಯಲ್ಲಿ ಸರ್ಕಾರದ ನೌಕರನೂ ಆಗಿದ್ದ. ಸೈನ್ಯಕ್ಕೆ ಜನ ಸಾಲದ ಗಡಿಗಳಲ್ಲಿ ಮಿಷನ್ ಕಟ್ಟುವುದು ಕಡಿಮೆ ಖರ್ಚಿನ ಆಡಳಿತವಾಗಿತ್ತು. ಉತ್ತರದಿಂದ ರಷ್ಯನ್ನರು ಇಳಿದು ಬರುತ್ತಾರೆಂಬ ಭಯ ಹುಟ್ಟಿದಾಗ ಕ್ಯಾಲಿಫೋರ್ನಿಯಾದಲ್ಲೂ ಇದೇ ಉಪಾಯ ಹೂಡಿದರು. ಸ್ಪ್ಯಾನಿಷ್ ಅಧಿಕಾರಿ ಪೋರ್ಟೊಲಾನ ಸೈನಿಕರೊಂದಿಗೆ ಹೊರಟ ಫ್ರಾನ್ಸಿಸ್ಕನ್ ಪಾದ್ರಿ ಹುನಿಪೆರೊ ಸೆರಾ 1769ರ ಜುಲೈಯಲ್ಲಿ ಸ್ಯಾನ್ ಡಿಯಾಗೋದಲ್ಲಿ ಮೊದಲ ಶಿಲುಬೆ ನೆಟ್ಟರು.

ಕಾಗದದ ಮೇಲೆ ಯೋಜನೆ ಚೆನ್ನಾಗಿಯೇ ಇತ್ತು. ನೆಲ ಮೂಲನಿವಾಸಿಗಳದೇ, ಪಾದ್ರಿಗಳು ಅವರ ಪರವಾಗಿ ನೋಡಿಕೊಳ್ಳುವವರು ಮಾತ್ರ. ಸುಮಾರು ಹತ್ತು ವರ್ಷದಲ್ಲಿ ಬೇಸಾಯ, ಕಸುಬು, ಪ್ರಾರ್ಥನೆ ಕಲಿಸಿ, ಮಿಷನ್ ಅನ್ನು ಅವರದೇ ಊರಾಗಿ ಬಿಟ್ಟುಕೊಟ್ಟು ಪಾದ್ರಿಗಳು ಮುಂದಕ್ಕೆ ಹೋಗಬೇಕು. ಆದರೆ ಹತ್ತು ವರ್ಷ ಕಳೆಯಿತು, ಇಪ್ಪತ್ತು ಕಳೆಯಿತು, ಐವತ್ತೂ ಕಳೆಯಿತು. ಇವರು ಇನ್ನೂ ತಯಾರಾಗಿಲ್ಲ ಎಂಬುದೇ ಪ್ರತಿ ಸಲದ ಉತ್ತರ.

ದೀಕ್ಷಾಸ್ನಾನ ಪಡೆಯುವವರೆಗೆ ಯಾರು ಬೇಕಾದರೂ ಬರಬಹುದಿತ್ತು, ಹೋಗಬಹುದಿತ್ತು. ತಲೆಗೆ ನೀರು ಬಿದ್ದ ಮೇಲೆ ಹಿಂದಿರುಗುವ ದಾರಿ ಇರಲಿಲ್ಲ. ಅನುಮತಿಯಿಲ್ಲದೆ ಹೋದವನು ತಲೆಮರೆಸಿಕೊಂಡವನು. ಸೈನಿಕರು ಬೆನ್ನಟ್ಟಿ ಹಿಡಿದು ತರುತ್ತಿದ್ದರು. ಹಳ್ಳಿಯಲ್ಲಿ ಋತುವಿಗೆ ತಕ್ಕಂತೆ ಬೀಜ, ಮೀನು, ಬೇಟೆ ಎಂದು ಬದುಕಿದ್ದವರ ದಿನ ಈಗ ಗಂಟೆಯ ಸದ್ದಿನಿಂದ ಆರಂಭವಾಗಿ ಗಂಟೆಯ ಸದ್ದಿನಿಂದ ಮುಗಿಯುತ್ತಿತ್ತು: ಪ್ರಾರ್ಥನೆ, ಬಾರ್ಲಿಯ ಗಂಜಿ, ಕೆಲಸ, ಮತ್ತೆ ಪ್ರಾರ್ಥನೆ. ಹಸಿ ಇಟ್ಟಿಗೆ ಮಾಡಿದವರು, ಗೋಡೆ ಎತ್ತಿದವರು, ದನ ಕಾಯ್ದವರು, ತೊಗಲು ಹದ ಮಾಡಿದವರು, ನೂಲು ತೆಗೆದವರು ಅವರೇ. ಮದುವೆಯಾಗದ ಹುಡುಗಿಯರನ್ನು ಸಣ್ಣ ವಯಸ್ಸಿನಿಂದಲೇ ತಾಯ್ತಂದೆಯರಿಂದ ಬೇರ್ಪಡಿಸಿ, ಕತ್ತಲಾದ ಮೇಲೆ ಒಂದು ಕೋಣೆಯಲ್ಲಿ ಬೀಗ ಹಾಕಿಡುತ್ತಿದ್ದರು. ಗಾಳಿಯಾಡದ, ನೈರ್ಮಲ್ಯವಿಲ್ಲದ ಆ ಕೋಣೆಗಳು ರೋಗದ ಗೂಡುಗಳಾದವು. 1786ರಲ್ಲಿ ಕಾರ್ಮೆಲ್ ಮಿಷನ್ ನೋಡಿದ ಫ್ರೆಂಚ್ ನಾವಿಕ ಲಾ ಪೆರೂಸ್‌ಗೆ ಕೆರಿಬಿಯನ್ ದ್ವೀಪಗಳ ಗುಲಾಮರ ತೋಟಗಳು ನೆನಪಾದವು. ಕೋಳ ತೊಟ್ಟವರನ್ನು ಕಂಡೆ, ಚಾಟಿಯ ಸದ್ದು ಕೇಳಿದೆ ಎಂದು ಆತ ಬರೆದಿಟ್ಟಿದ್ದಾನೆ.

ಆ ಕಾಲದ ರೀತಿಯೇ ಹಾಗಿತ್ತು ಎಂಬ ಸಮಾಧಾನ ಇಲ್ಲಿ ನಿಲ್ಲುವುದಿಲ್ಲ, ಏಕೆಂದರೆ ಆ ಕಾಲದವರೇ ಆಕ್ಷೇಪಿಸಿದ್ದರು. 1798ರಲ್ಲಿ ಸ್ಯಾನ್ ಮಿಗೆಲ್ ಮಿಷನ್‌ನ ಪಾದ್ರಿ ಆಂಟೋನಿಯೊ ಓರಾ ಈ ಕ್ರೌರ್ಯದ ಬಗ್ಗೆ ಮೆಕ್ಸಿಕೋದ ವೈಸರಾಯ್‌ಗೆ ದೂರು ಕೊಟ್ಟರು. ಮೇಲಿನವರು ಅವರಿಗೆ ಹುಚ್ಚು ಹಿಡಿದಿದೆ ಎಂದು ಹೇಳಿ ಅಲ್ಲಿಂದ ಸಾಗಹಾಕಿದರು. ಸೆರಾ ಅವರದೂ ಒಂದೇ ಮುಖವಲ್ಲ. ಸೈನಿಕರು ಮೂಲನಿವಾಸಿ ಹೆಂಗಸರ ಮೇಲೆ ಎರಗುತ್ತಾರೆಂದು ದೂರು ಹೊತ್ತು ಅವರು 1773ರಲ್ಲಿ ಮೆಕ್ಸಿಕೋ ನಗರದವರೆಗೂ ಹೋಗಿದ್ದರು. 1775ರಲ್ಲಿ ಕುಮೆಯಾಯ್ ಜನ ಸ್ಯಾನ್ ಡಿಯಾಗೋ ಮಿಷನ್ ಸುಟ್ಟು ಪಾದ್ರಿ ಲೂಯಿಸ್ ಹೈಮೆಯನ್ನು ಕೊಂದಾಗ, ದಂಗೆಯವರಿಗೆ ಮರಣದಂಡನೆ ಬೇಡ ಎಂದು ಬೇಡಿದವರೂ ಅವರೇ. ಆದರೆ 1780ರಲ್ಲಿ ಗವರ್ನರ್‌ಗೆ ಬರೆದ ಪತ್ರದಲ್ಲಿ, ಆಧ್ಯಾತ್ಮಿಕ ತಂದೆಯರು ತಮ್ಮ ಇಂಡಿಯನ್ ಮಕ್ಕಳನ್ನು ಹೊಡೆದು ತಿದ್ದುವುದು ಅಮೆರಿಕದ ವಿಜಯದಷ್ಟೇ ಹಳೆಯದು ಎಂದು ಸಮರ್ಥಿಸಿಕೊಂಡರು. ದಯೆ ಇತ್ತು ನಿಜ. ಬೆಳೆದು ನಿಂತವರನ್ನು ಎಂದಿಗೂ ದೊಡ್ಡವರೆಂದು ಒಪ್ಪದ ದಯೆ ಅದು.

ಕೊಂದದ್ದರಲ್ಲಿ ಚಾಟಿಗಿಂತ ರೋಗದ ಪಾಲು ದೊಡ್ಡದು. ಸಿಫಿಲಿಸ್ ಹರಡಿತು. 1806ರ ದಡಾರ ಸ್ಯಾನ್ ಫ್ರಾನ್ಸಿಸ್ಕೋ ಕೊಲ್ಲಿಯ ಸುತ್ತಲಿನ ಮಿಷನ್‌ಗಳಲ್ಲಿ ಸುಮಾರು ಕಾಲು ಭಾಗ ಜನರನ್ನು ಒಯ್ದಿತು. ಹುಟ್ಟಿದ ಮಕ್ಕಳಲ್ಲಿ ಹೆಚ್ಚಿನವು ಉಳಿಯಲಿಲ್ಲ. ಒಳನಾಡಿನಿಂದ ಹೊಸಬರನ್ನು ತಂದು ತುಂಬಿದ್ದರಿಂದಲೇ ಮಿಷನ್‌ಗಳು ನಡೆದವು. ಹೊರಗೆ ಉಳಿದವರಿಗೂ ಹಳೆಯ ಬದುಕು ದಕ್ಕಲಿಲ್ಲ. ದನಕುರಿಗಳು ಹುಲ್ಲುಗಾವಲುಗಳನ್ನು ತುಳಿದು ಮೇಯ್ದವು. ಬೀಜ ಕೊಡುತ್ತಿದ್ದ ಸ್ಥಳೀಯ ಹುಲ್ಲಿನ ಜಾಗಕ್ಕೆ ಯುರೋಪಿನ ಕಳೆ ಬಂತು. ಒಳ್ಳೆಯ ಬೀಜ ಮತ್ತು ಮೇವು ಬರಲೆಂದು ಬಯಲಿಗೆ ಹದವಾಗಿ ಬೆಂಕಿ ಕೊಡುವುದು ಅವರ ತಲೆಮಾರುಗಳ ಪದ್ಧತಿ. 1793ರಲ್ಲಿ ಗವರ್ನರ್ ಅರ್ರಿಯಾಗಾ ಅದನ್ನೂ ನಿಷೇಧಿಸಿದ. ಹಸಿದವರಿಗೆ ಮಿಷನ್ ಬಾಗಿಲು ಬಿಟ್ಟರೆ ಬೇರೆ ದಾರಿ ಉಳಿಯಲಿಲ್ಲ.

ಸುಮ್ಮನೆ ಸಹಿಸಿದರು ಎಂದುಕೊಳ್ಳಬೇಕಾಗಿಲ್ಲ. 1785ರಲ್ಲಿ ಟೋಂಗ್ವಾ ಜನರ ತೊಯ್‌ಪುರಿನಾ ಎಂಬ ಯುವತಿ ಸ್ಯಾನ್ ಗೇಬ್ರಿಯಲ್ ಮಿಷನ್ ವಿರುದ್ಧದ ದಂಗೆಗೆ ಜನ ಕೂಡಿಸಿದಳು. 1824ರಲ್ಲಿ ಒಬ್ಬನಿಗೆ ಬಿದ್ದ ಚಾಟಿಯೇಟಿನಿಂದ ಹೊತ್ತಿಕೊಂಡ ಚುಮಾಶ್ ಜನರ ಬಂಡಾಯ ಮೂರು ಮಿಷನ್‌ಗಳಿಗೆ ಹರಡಿತು.

1821ರಲ್ಲಿ ಮೆಕ್ಸಿಕೋ ಸ್ಪೇನ್‌ನಿಂದ ಸ್ವತಂತ್ರವಾಯಿತು, ಕ್ಯಾಲಿಫೋರ್ನಿಯಾ ಅದರ ಪಾಲಾಯಿತು. 1833ರಲ್ಲಿ ಅದರ ಸಂಸತ್ತು ಮಿಷನ್‌ಗಳನ್ನು ಪಾದ್ರಿಗಳ ಕೈಯಿಂದ ಬಿಡಿಸುವ ಕಾನೂನು ಮಾಡಿತು. ಮರುವರ್ಷ ಗವರ್ನರ್ ಫಿಗೆರೋವಾ ಹೊರಡಿಸಿದ ನಿಯಮದಂತೆ ಪ್ರತಿ ಕುಟುಂಬಕ್ಕೂ ನೆಲ, ಮಿಷನ್‌ನ ಜಾನುವಾರುಗಳಲ್ಲಿ ಅರ್ಧ, ಜೊತೆಗೆ ಬೀಜ, ಸಲಕರಣೆ ಸಿಗಬೇಕು. ಐವತ್ತಕ್ಕೂ ಹೆಚ್ಚು ವರ್ಷ ತಡವಾಗಿ ಹಳೆಯ ಮಾತು ಕೂಡಿಬಂತು ಎನ್ನುವಂತಿತ್ತು. ಆದರೆ ಹಂಚುವ ಕೆಲಸಕ್ಕೆ ನೇಮಕವಾದವರು ಸ್ಥಳೀಯ ಪ್ರಭಾವಿ ಕುಟುಂಬಗಳವರು. ಸ್ಯಾನ್ ಲೂಯಿಸ್ ರೇ ಮಿಷನ್‌ನಲ್ಲಿ ಆದದ್ದನ್ನು ನೋಡಿ. ಅಲ್ಲಿ ಆಡಳಿತಗಾರನಾಗಿ ಬಂದವನು ಪೀಯೊ ಪಿಕೊ. 1841ರಲ್ಲಿ ಅದೇ ಮಿಷನ್‌ನ ನೆಲದಲ್ಲಿ ದೊಡ್ಡ ಭಾಗ ಅವನಿಗೂ ಅವನ ಸಹೋದರನಿಗೂ ಮಂಜೂರಾಯಿತು. ಆ ಆಸ್ತಿ ಕೊನೆಗೆ 1,33,000 ಎಕರೆಗೆ ಬೆಳೆಯಿತು. ಕಾಯಲು ಇಟ್ಟವನೇ ಒಡೆಯನಾದ. ಆ ನೆಲ ಇಂದು ಅಮೆರಿಕದ ನೌಕಾ ಪದಾತಿದಳದ ಪೆಂಡಲ್ಟನ್ ಶಿಬಿರ. ಹೀಗೆ ಕರಾವಳಿಯುದ್ದಕ್ಕೂ ದನ ಸಾಕುವ ನೂರಾರು ದೊಡ್ಡ ರ್‍ಯಾಂಚ್‌ಗಳು ಎದ್ದವು. ನೆಲದ ಮೂಲ ಹಕ್ಕುದಾರರು ಅವುಗಳಲ್ಲಿ ಕೂಲಿಗಳಾದರು.

1848ರಲ್ಲಿ ಕ್ಯಾಲಿಫೋರ್ನಿಯಾ ಅಮೆರಿಕದ ಕೈಗೆ ಬಂತು, ಅದೇ ವರ್ಷ ಚಿನ್ನವೂ ಸಿಕ್ಕಿತು. 1850ರ ರಾಜ್ಯ ಕಾನೂನು ಮೂಲನಿವಾಸಿಗಳನ್ನು, ಅವರ ಮಕ್ಕಳನ್ನು ಕೂಡ, ಬಲವಂತದ ದುಡಿಮೆಗೆ ಹಚ್ಚಲು ದಾರಿ ಮಾಡಿತು. ಅಮೆರಿಕ ಸರ್ಕಾರದ ಪ್ರತಿನಿಧಿಗಳು 1851–52ರಲ್ಲಿ ಬುಡಕಟ್ಟುಗಳೊಂದಿಗೆ 18 ಒಪ್ಪಂದ ಮಾಡಿಕೊಂಡು ಲಕ್ಷಾಂತರ ಎಕರೆ ಬಿಟ್ಟುಕೊಡುವುದಾಗಿ ಸಹಿ ಹಾಕಿದರು. ಸೆನೆಟ್ ಅವನ್ನು ಅನುಮೋದಿಸಲಿಲ್ಲ. 1905ರವರೆಗೆ ಗುಟ್ಟಾಗಿಯೇ ಇಟ್ಟಿತು. ಚಿನ್ನದ ಕಾಲ ಶುರುವಾದಾಗ ಸುಮಾರು ಒಂದೂವರೆ ಲಕ್ಷವಿದ್ದ ಮೂಲನಿವಾಸಿಗಳು 1870ರ ಹೊತ್ತಿಗೆ ಸುಮಾರು ಮೂವತ್ತು ಸಾವಿರಕ್ಕೆ ಇಳಿದಿದ್ದರು. ಇಲ್ಲಿ ರೋಗದ ಜೊತೆಗೆ ಬಂದೂಕೂ ಸೇರಿತ್ತು.

2015ರಲ್ಲಿ ಪೋಪ್ ಫ್ರಾನ್ಸಿಸ್ ಸೆರಾ ಅವರನ್ನು ಸಂತ ಪದವಿಗೆ ಏರಿಸಿದರು. 2019ರಲ್ಲಿ ರಾಜ್ಯದ ಗವರ್ನರ್ ಗ್ಯಾವಿನ್ ನ್ಯೂಸಮ್ ಮೂಲನಿವಾಸಿಗಳ ಕ್ಷಮೆ ಕೇಳಿದರು. ಮರುವರ್ಷ ಜನ ಸೆರಾ ಅವರ ಪ್ರತಿಮೆಗಳನ್ನು ಉರುಳಿಸಿದರು. ಪ್ರತಿಮೆಯ ಸುದ್ದಿಗೆ ಸಿಕ್ಕ ಜಾಗ ಪತ್ರಿಕೆಗಳಲ್ಲಿ ನೆಲದ ಸುದ್ದಿಗೆ ಸಿಗಲಿಲ್ಲವೆಂಬುದು ನನ್ನ ಕೊರಗು.

ಏಕೆಂದರೆ ಮಿಷನ್‌ಗಳ ವಶಕ್ಕೆ ಬಿದ್ದ ಕರಾವಳಿ ಬುಡಕಟ್ಟುಗಳಲ್ಲಿ ಒಲೋನಿ, ಟೋಂಗ್ವಾ, ಎಸ್ಸೆಲೆನ್ ಜನರಿಗೆ ಅಮೆರಿಕದ ಕೇಂದ್ರ ಸರ್ಕಾರದ ಮಾನ್ಯತೆ ಇಂದಿಗೂ ಇಲ್ಲ. ಮಾನ್ಯತೆ ಬೇಕಾದರೆ ಒಂದು ಸಮುದಾಯವಾಗಿ ಬಿಡದೆ ಬಾಳಿದ್ದೇವೆಂದು ದಾಖಲೆ ಸಮೇತ ತೋರಿಸಬೇಕು. ಹಳ್ಳಿ ಬಿಡಿಸಿ, ಹೆಸರು ಬದಲಿಸಿ, ಬೇರೆ ಬೇರೆ ಭಾಷೆಯವರ ಜೊತೆ ಒಂದೇ ಅಂಗಳದಲ್ಲಿ ಕೂಡಿಹಾಕಿದವರ ಮೊಮ್ಮಕ್ಕಳಿಂದ ಈ ಪುರಾವೆ ಕೇಳಲಾಗುತ್ತಿದೆ. ಅವರು ಹುಡುಕಿಕೊಂಡು ಹೋಗುವುದು ಪಾದ್ರಿಗಳು ಬರೆದಿಟ್ಟ ದೀಕ್ಷಾಸ್ನಾನ, ಮದುವೆ, ಸಾವಿನ ಪುಸ್ತಕಗಳನ್ನೇ, ಏಕೆಂದರೆ ಅಜ್ಜಿಯ ಅಜ್ಜಿ ಯಾವ ಹಳ್ಳಿಯವಳೆಂದು ಅಲ್ಲಿ ಮಾತ್ರ ಬರೆದಿದೆ. 2020ರಲ್ಲಿ ಮಾಂಟೆರೆ ಪ್ರಾಂತದ ಎಸ್ಸೆಲೆನ್ ಬುಡಕಟ್ಟಿಗೆ ಬಿಗ್ ಸರ್ ಬಳಿ ಸುಮಾರು 1,200 ಎಕರೆ ಕಾಡು ಮರಳಿ ಸಿಕ್ಕಿತು. ಅದು ಹಕ್ಕಿನ ಮೇಲೆ ಬಂದದ್ದಲ್ಲ. ರಾಜ್ಯದ ಅನುದಾನದಿಂದ, ಒಂದು ಸಂರಕ್ಷಣಾ ಸಂಸ್ಥೆಯ ನೆರವಿನಿಂದ, ಮಾರುಕಟ್ಟೆಯಲ್ಲಿ ಬೆಲೆ ಕೊಟ್ಟು ಕೊಂಡದ್ದು.