ಮಡಿಕೆ ಒಳಪೊರೆಗೆ ಮಾತ್ರ ಯಾಕೆ?

ಪ್ರಶ್ನೆ: ಕೋಶಕ್ಕೆ ಶಕ್ತಿ ಒದಗಿಸುವ ಮೈಟೊಕಾಂಡ್ರಿಯಾದ ಒಳಪೊರೆಗೆ ಮಡಿಕೆಗಳಿರುವುದು ಮೇಲ್ಮೈ ವಿಸ್ತೀರ್ಣ ಹೆಚ್ಚಿಸಲು ಅಂತ ಪುಸ್ತಕದಲ್ಲಿದೆ. ಹಾಗಾದರೆ ಹೊರಪೊರೆಗೆ ಯಾಕೆ ಮಡಿಕೆ ಇಲ್ಲ? ಮಡಿಕೆಯ ಕೆಲಸ ಬರೀ ಜಾಗ ಕೊಡುವುದಷ್ಟೇನಾ?

ಉತ್ತರ: ಪುಸ್ತಕ ಹೇಳುವುದು ತಪ್ಪಲ್ಲ. ಪರೀಕ್ಷೆಯಲ್ಲಿ ಬರೆದರೆ ಅಂಕವೂ ಸಿಗುತ್ತದೆ. ಆದರೆ ಅದು ಅರ್ಧ ಉತ್ತರ.

ಹೊರಪೊರೆ ಒಂದು ಜರಡಿ ಇದ್ದ ಹಾಗೆ. ಅದರ ತುಂಬಾ ಪೋರಿನ್ ಎಂಬ ಪ್ರೋಟೀನಿನ ತೂತುಗಳು. ಸಣ್ಣ ಅಣುಗಳು ಆರಾಮಾಗಿ ಓಡಾಡುತ್ತವೆ. ಒಳಪೊರೆ ಹಾಗಲ್ಲ, ಪ್ರೋಟಾನಿನಷ್ಟು ಚಿಕ್ಕದನ್ನೂ ಸುಮ್ನೆ ಒಳಗೆ ಬಿಡುವುದಿಲ್ಲ. ಇಡೀ ವ್ಯವಹಾರ ನಿಂತಿರುವುದೇ ಈ ಬಿಗಿಯ ಮೇಲೆ. ನಾವು ತಿಂದ ಅನ್ನದಿಂದ ಬಂದ ಎಲೆಕ್ಟ್ರಾನುಗಳು ಒಳಪೊರೆಯ ಪ್ರೋಟೀನುಗಳಲ್ಲಿ ಕೈಯಿಂದ ಕೈಗೆ ದಾಟಿ ಕೊನೆಗೆ ಆಮ್ಲಜನಕವನ್ನು ಸೇರುತ್ತವೆ. ಹಾಗೆ ದಾಟುವಾಗ ಸಿಗುವ ಶಕ್ತಿಯಿಂದ ಪ್ರೋಟಾನುಗಳು ಪೊರೆಯ ಆಚೆಗೆ ಪಂಪ್ ಆಗುತ್ತವೆ. ಅವು ವಾಪಸು ಬರಲು ಮುಖ್ಯ ದಾರಿ ಎಟಿಪಿ ಸಿಂಥೇಸ್ ಎಂಬ ಪುಟ್ಟ ಯಂತ್ರ. ಪ್ರೋಟಾನು ನುಗ್ಗಿದಾಗ ಅದರ ಚಕ್ರ ನಿಜವಾಗಿಯೂ ತಿರುಗುತ್ತದೆ, ಕೋಶದ ಕೆಲಸಗಳಿಗೆ ಶಕ್ತಿ ಕೊಡುವ ಎಟಿಪಿ ಎಂಬ ಅಣು ತಯಾರಾಗುತ್ತದೆ. ಬ್ರಿಟಿಷ್ ವಿಜ್ಞಾನಿ ಪೀಟರ್ ಮಿಚೆಲ್ 1961ರಲ್ಲಿ ಈ ಪ್ರೋಟಾನು ಲೆಕ್ಕಾಚಾರ ಮುಂದಿಟ್ಟಾಗ ಹೆಚ್ಚಿನವರು ನಂಬಲಿಲ್ಲ. 1978ರಲ್ಲಿ ಅದಕ್ಕೇ ನೊಬೆಲ್ ಬಂತು.

ಅಂದರೆ ಪಂಪು, ಯಂತ್ರ ಎಲ್ಲ ಇರುವುದು ಒಳಪೊರೆಯಲ್ಲಿ. ಹೊರಪೊರೆಯಲ್ಲಿ ಕೂರಿಸಲು ಅಂಥದ್ದೇನೂ ಇಲ್ಲ, ಹಾಗಾಗಿ ಮಡಿಕೆಯೂ ಬೇಕಿಲ್ಲ. ಯಕೃತ್ತಿನ ಕೋಶದಲ್ಲಿ ಒಳಪೊರೆಯ ವಿಸ್ತೀರ್ಣ ಹೊರಪೊರೆಯ ಸುಮಾರು ಐದು ಪಟ್ಟು. ಪುರುಸೊತ್ತಿಲ್ಲದೆ ಬಡಿಯುವ ಹೃದಯದ ಕೋಶದಲ್ಲಂತೂ ಮಡಿಕೆಗಳು ಯಕೃತ್ತಿಗಿಂತ ಮೂರು ಪಟ್ಟು ಜಾಸ್ತಿ. ಇಲ್ಲಿಗೆ ಪುಸ್ತಕದ ಅರ್ಧ ಮುಗಿಯಿತು.

ಇನ್ನರ್ಧ ಇರುವುದು ಮಡಿಕೆಯ ಆಕಾರದಲ್ಲಿ. 1950ರ ದಶಕದ ಆರಂಭದಲ್ಲಿ ಕೋಶವಿಜ್ಞಾನಿ ಜಾರ್ಜ್ ಪಲಾಡೆ ಎಲೆಕ್ಟ್ರಾನ್ ಸೂಕ್ಷ್ಮದರ್ಶಕದಲ್ಲಿ ಇವನ್ನು ನೋಡಿ ‘ಕ್ರಿಸ್ಟೆ’ ಎಂದು ಕರೆದರು. ಲ್ಯಾಟಿನ್‌ನಲ್ಲಿ ಕ್ರಿಸ್ಟ ಅಂದರೆ ಜುಟ್ಟು, ಹುಂಜದ ತಲೆಯ ಮೇಲಿರುತ್ತದಲ್ಲ, ಅದು. ಅವರ ಚಿತ್ರದಲ್ಲಿ ಮಡಿಕೆಗಳ ಬಾಯಿ ಅಗಲವಾಗಿ ತೆರೆದಿತ್ತು. ಅದೇ ಹೊತ್ತಿಗೆ ಸ್ವೀಡನ್ನಿನ ಶ್ಯೋಸ್ಟ್ರಾಂಡ್, ಇವು ಮಡಿಕೆಗಳೇ ಅಲ್ಲ, ಒಳಗಿನ ಅಡ್ಡಗೋಡೆಗಳು ಎಂದರು. ಪಲಾಡೆ ಚಿತ್ರ ಗೆದ್ದಿತು. ನಮ್ಮ ಪುಸ್ತಕಗಳಲ್ಲಿ ಇಂದಿಗೂ ಅದೇ ಇದೆ. ಆದರೆ 1990ರ ದಶಕದಲ್ಲಿ, ಹಲವು ಕೋನಗಳಿಂದ ತೆಗೆದ ಚಿತ್ರಗಳನ್ನು ಜೋಡಿಸುವ ಟೊಮೊಗ್ರಫಿಯಿಂದ ಮೂರು ಆಯಾಮದ ಚಿತ್ರ ಸಿಕ್ಕಾಗ ನೋಡಿದರೆ, ಬಾಯಿ ಬಲು ಕಿರಿದು. ಎಷ್ಟೋ ಕಡೆ 30 ನ್ಯಾನೊಮೀಟರ್ ಆಸುಪಾಸು ಅಷ್ಟೇ.

ಅಜ್ಜಿಯ ಎಲೆಯಡಿಕೆ ಸಂಚಿ ನೆನಪಿದೆಯಾ? ದಾರ ಎಳೆದರೆ ಬಾಯಿ ಮುಚ್ಚಿಕೊಳ್ಳುತ್ತದೆ, ಹೊಟ್ಟೆ ಮಾತ್ರ ಅಗಲ. ಕ್ರಿಸ್ಟೆಯೂ ಹಾಗೇ. ಮೈಕೋಸ್ ಎಂಬ ಪ್ರೋಟೀನುಗಳ ಗುಂಪು ಬಾಯಿಯನ್ನು ಕಟ್ಟಿ ನಿಲ್ಲಿಸುತ್ತದೆ, ಓಪಾ1 ಎಂಬ ಇನ್ನೊಂದು ಪ್ರೋಟೀನು ಬಿಗಿ ಹಿಡಿಯುತ್ತದೆ. ಹೀಗಾಗಿ ಒಂದೊಂದು ಸಂಚಿಯೂ ಹೆಚ್ಚು ಕಡಿಮೆ ತನ್ನದೇ ಲೆಕ್ಕದಲ್ಲಿ ನಡೆಯುತ್ತದೆ. 2019ರಲ್ಲಿ ಜೀವಂತ ಕೋಶಗಳನ್ನು ನೋಡಿದಾಗ ಒಂದೇ ಮೈಟೊಕಾಂಡ್ರಿಯಾದ ಬೇರೆ ಬೇರೆ ಕ್ರಿಸ್ಟೆಗಳಲ್ಲಿ, ಪೊರೆಯ ಎರಡು ಬದಿಗಳ ನಡುವೆ, ಬೇರೆ ಬೇರೆ ವೋಲ್ಟೇಜ್ ಕಂಡುಬಂತು. ಒಂದು ಬ್ಯಾಟರಿ ಅಂದುಕೊಂಡಿದ್ದದ್ದು ಬ್ಯಾಟರಿಗಳ ಸಾಲಾಗಿತ್ತು!

ನನಗೆ ಇದರಲ್ಲಿ ಬಹಳ ಇಷ್ಟವಾದದ್ದು ಬೇರೆ. ಮಡಿಕೆ ಮೊದಲೇ ಇದ್ದು, ಯಂತ್ರಗಳು ಬಂದು ಕೂತವು ಅಂತ ನಾವು ಅಂದುಕೊಳ್ಳುತ್ತೇವೆ ಅಲ್ವಾ? ಪಂಪುಗಳು ಹೆಚ್ಚಾಗಿ ಮಡಿಕೆಯ ಚಪ್ಪಟೆ ಬದಿಯಲ್ಲಿರುತ್ತವೆ. ಎಟಿಪಿ ಸಿಂಥೇಸ್‌ಗಳು ಮಾತ್ರ ಜೋಡಿ ಜೋಡಿಯಾಗಿ, ಇಂಗ್ಲಿಷಿನ ‘ವಿ’ ಅಕ್ಷರದ ಹಾಗೆ ಓರೆಯಾಗಿ, ಅಂಚಿನುದ್ದಕ್ಕೂ ಸಾಲುಗಟ್ಟಿರುತ್ತವೆ. ಪೊರೆ ಬಾಗುವುದೇ ಈ ಓರೆಯಿಂದ. ಯೀಸ್ಟ್‌ನಲ್ಲಿ ಈ ಜೋಡಿ ಕಟ್ಟುವ ಭಾಗಗಳನ್ನು ತೆಗೆದು ನೋಡಿದ್ದಾರೆ. ಮಡಿಕೆಗಳ ಬದಲು ಒಳಪೊರೆ ಈರುಳ್ಳಿಯಂತೆ ಪದರ ಪದರವಾಗಿ ಸುತ್ತಿಕೊಂಡಿತ್ತು. ಕೆಲಸಗಾರರೇ ಸೇರಿ ಕಾರ್ಖಾನೆಯ ಗೋಡೆ ಬಗ್ಗಿಸಿದ ಹಾಗಾಯಿತು.

ಸಂಚಿಯ ದಾರ ಹಾಳಾದರೆ ಏನಾಗುತ್ತದೆ? ಓಪಾ1ರ ಜೀನಿನಲ್ಲಿ ದೋಷವಿದ್ದರೆ ಕಣ್ಣಿನ ನರ ನಿಧಾನವಾಗಿ ಸವೆಯುವ ಒಂದು ಆನುವಂಶಿಕ ಕಾಯಿಲೆ ಬರುತ್ತದೆ. ಬಹಳಷ್ಟು ಸಲ ಬಾಲ್ಯದಲ್ಲೇ ದೃಷ್ಟಿ ಮಂದವಾಗತೊಡಗುತ್ತದೆ. ಕೆಲವೊಮ್ಮೆ ಕೋಶ ತಾನಾಗಿಯೇ ಈ ದಾರ ಸಡಿಲಿಸುವುದೂ ಉಂಟು. ಎಲೆಕ್ಟ್ರಾನು ಹೊರುವ ಸೈಟೊಕ್ರೋಮ್ ಸಿ ಎಂಬ ಚಿಕ್ಕ ಪ್ರೋಟೀನಿನ ಬಹುಪಾಲು ಈ ಸಂಚಿಗಳ ಒಳಗೇ ಇರುತ್ತದೆ. ಕೆಟ್ಟುಹೋದ ಕೋಶ ಸಾಯಬೇಕಾದ ಹೊತ್ತು ಬಂದಾಗ ಸಂಚಿಗಳ ಬಾಯಿ ಸಡಿಲವಾಗುತ್ತದೆ, ಹೊರಪೊರೆ ತೂತಾಗುತ್ತದೆ, ಸೈಟೊಕ್ರೋಮ್ ಸಿ ಹೊರಗೆ ಸೋರುತ್ತದೆ. ಕೋಶ ತನ್ನನ್ನು ತಾನೇ ಕಳಚಿಕೊಳ್ಳಲು ಶುರುಮಾಡುವುದು ಆ ಸೋರಿಕೆ ಕಂಡಾಗ.