ಶಾಂಗ್ ಅರಸರು ಎಲುಬಿನಲ್ಲಿ ಪ್ರಶ್ನೆ ಕೇಳುತ್ತಿದ್ದ ಬಗೆ

ಚೀನಾದ ಹೆನಾನ್ ಪ್ರಾಂತ್ಯದ ಆನ್ಯಾಂಗ್‌ನಿಂದ ಬಂದ ಒಂದು ಆಮೆಚಿಪ್ಪಿನ ಬಲಭಾಗದಲ್ಲಿ ಕೊರೆದಿರುವುದು ಇಷ್ಟು: ಜಿಯಾಶೆನ್ ದಿನ ಬಿರುಕು ತೆಗೆಯಲಾಯಿತು. ಚ್ಯುಯೆ ಪ್ರಶ್ನೆ ಇಟ್ಟ: ಫು ಹಾವ್‌ಳ ಹೆರಿಗೆ ಒಳ್ಳೆಯದಾಗುತ್ತದೆ. ಅರಸ ನೋಡಿ ಹೇಳಿದ: ದಿಂಗ್ ದಿನ ಹೆತ್ತರೆ ಒಳ್ಳೆಯದು, ಗೆಂಗ್ ದಿನ ಹೆತ್ತರೆ ಬಹಳ ಶುಭ. ಮೂವತ್ತೊಂದನೆಯ ದಿನ, ಜಿಯಾಯಿನ್‌ನಂದು, ಹೆತ್ತಳು. ಒಳ್ಳೆಯದಾಗಲಿಲ್ಲ. ಹೆಣ್ಣು.

ಎಲುಬನ್ನೋ ಚಿಪ್ಪನ್ನೋ ಕಾಯಿಸಿ, ಎದ್ದ ಬಿರುಕಿನಲ್ಲಿ ಸತ್ತ ಹಿರಿಯರ ಉತ್ತರ ಓದುತ್ತಿದ್ದ ಕಾಲದ ಬರಹವಿದು; ಚ್ಯುಯೆ ಎಂಬುದು ಪ್ರಶ್ನೆ ಇಟ್ಟವನ ಹೆಸರು. ಇಲ್ಲಿಯ ಅರಸ ಶಾಂಗ್ ವಂಶದ ವು ದಿಂಗ್, ಕಾಲ ಕ್ರಿ.ಪೂ. 1200ರ ಆಸುಪಾಸು. ಫು ಹಾವ್ ಅವನ ರಾಣಿ, ಸೇನೆ ನಡೆಸಿದವಳು. ಅರಸನ ಭವಿಷ್ಯ ತಪ್ಪಿತು ಎನ್ನುವುದಕ್ಕೆ ಸಾಕ್ಷಿಯಾಗಿ ಈ ಚಿಪ್ಪನ್ನು ಎತ್ತಿ ತೋರಿಸುವವರು ಬಹಳ. ಆದರೆ ಇದು ತಪ್ಪಿದ ಭವಿಷ್ಯವಲ್ಲ. ಏಕೆಂದು ತಿಳಿಯಬೇಕಾದರೆ ಚಿಪ್ಪನ್ನು ಸಿದ್ಧಮಾಡುತ್ತಿದ್ದ ಕೆಲಸದಿಂದಲೇ ಶುರುಮಾಡಬೇಕು.

ಪ್ರಶ್ನೆಗೆ ಬಳಸುತ್ತಿದ್ದದ್ದು ಎರಡು: ದನದ ಹೆಗಲೆಲುಬು ಮತ್ತು ಆಮೆಯ ಹೊಟ್ಟೆಯ ಕಡೆಯ ಚಿಪ್ಪು. ಬೆನ್ನಿನ ಚಿಪ್ಪು ಬಾಗಿರುವುದರಿಂದ ಅದರ ಬಳಕೆ ಕಡಿಮೆ. ಆಮೆಯ ಬೆನ್ನುಚಿಪ್ಪನ್ನೂ ಹೊಟ್ಟೆಚಿಪ್ಪನ್ನೂ ಎರಡು ಪಕ್ಕದಲ್ಲಿ ಜೋಡಿಸುವ ಸೇತುವೆಯಂಥ ಭಾಗವಿದೆ. ಅಲ್ಲಿ ಗರಗಸದಿಂದ ಕುಯ್ದು ಬೇರೆಮಾಡಿ, ಅಂಚು ತಿದ್ದಿ, ಮೇಲಿನ ಪೊರೆ ಕೆರೆದು ನುಣುಪು ಮಾಡುತ್ತಿದ್ದರು. ಹೆಗಲೆಲುಬಾದರೆ ಹಿಂಬದಿಯಲ್ಲಿ ಎದ್ದು ನಿಂತ ಏಣನ್ನು ಕೊಯ್ದು ಸಮಮಾಡಿ, ಕೀಲಿನ ಗುಣಿಯ ಒಂದು ಮೂಲೆ ಕತ್ತರಿಸುತ್ತಿದ್ದರು. ಎಡ–ಬಲ ಎರಡು ಹೆಗಲೆಲುಬು ಸೇರಿದರೆ ಒಂದು ಜೋಡಿ ಎಂಬ ಲೆಕ್ಕ. ಎಷ್ಟು ಜೋಡಿ ಬಂತು, ಯಾರ ಕೈಯಿಂದ ಬಂತು ಎಂಬುದನ್ನು ಅಂಚಿನಲ್ಲೇ ಕೊರೆದಿಡುತ್ತಿದ್ದರು. ಒಂದು ಚಿಪ್ಪಿನ ಪಕ್ಕದಲ್ಲಿ "ವೊ ಸಾವಿರ ತಂದ" ಎಂದಿದೆ. ಇಂಥ ಟಿಪ್ಪಣಿಗಳಲ್ಲಿ ರಾಣಿಯರ ಹೆಸರೂ ಬರುತ್ತದೆ. ಅರಮನೆಯ ಉಗ್ರಾಣದ ಲೆಕ್ಕಕ್ಕೂ ದೇವರ ಕೆಲಸಕ್ಕೂ ಅಲ್ಲಿ ಗೋಡೆ ಇರಲಿಲ್ಲ.

ಮುಂದಿನದು ಗುಳಿ ತೋಡುವ ಕೆಲಸ. ಇದೇ ಇಡೀ ವಿದ್ಯೆಯ ಜೀವಾಳ. ಹಿಂಬದಿಯಲ್ಲಿ ಮೊದಲು ಖರ್ಜೂರದ ಬೀಜದಂತೆ ಉದ್ದನೆಯ ಗುಳಿ, ಅದರ ಮಗ್ಗುಲಿಗೆ ತಾಗಿದಂತೆ ಒಂದು ದುಂಡು ಗುಳಿ. ಎರಡೂ ಆರಪಾರ ಹೋಗಬಾರದು. ಮುಂಬದಿಯಲ್ಲಿ ತೆಳ್ಳನೆಯ ಪದರ ಉಳಿಯಬೇಕು. ಪದರ ದಪ್ಪವಾದರೆ ಎಷ್ಟು ಕಾಯಿಸಿದರೂ ಬಿರುಕು ಮುಂದಕ್ಕೆ ಬಾರದು. ತೀರ ತೆಳುವಾದರೆ ಸುಟ್ಟು ತೂತಾಗುತ್ತದೆ. ಉದ್ದ ಗುಳಿಯ ತಳ ಅಡ್ಡಕ್ಕೆ ನೋಡಿದರೆ ಚೂಪಾಗಿರುತ್ತದೆ. ಆ ಚೂಪಿನ ಗುಂಟ ಚಿಪ್ಪು ತೀರ ಬಡಕಲು, ಬಿರುಕು ಹಿಡಿಯುವುದು ಅದೇ ದಾರಿಯನ್ನು. ದೊಡ್ಡ ಚಿಪ್ಪೊಂದರಲ್ಲಿ ಇಂಥ ಜೋಡಿ ಗುಳಿ ನೂರಕ್ಕೂ ಹೆಚ್ಚು ಇರುವುದುಂಟು.

ಪ್ರಶ್ನೆಯನ್ನು ಬಾಯಿಬಿಟ್ಟು ಹೇಳಿ, ದುಂಡು ಗುಳಿಗೆ ಕೆಂಡದಂತೆ ಕಾದದ್ದನ್ನು ಒತ್ತುತ್ತಾರೆ. ಚಟ್ಟೆಂದು ಮುಂಬದಿ ಬಿರಿಯುತ್ತದೆ. ಉದ್ದ ಗುಳಿಯ ನೇರಕ್ಕೆ ಒಂದು ನಿಂತ ಗೆರೆ, ದುಂಡು ಗುಳಿಯ ಕಡೆಗೆ ಒಂದು ಅಡ್ಡ ಗೆರೆ. ಪ್ರಶ್ನೆ ಕೇಳುವುದು ಎಂಬರ್ಥದ ಚೀನೀ ಅಕ್ಷರದ ಆಕಾರ ಇವತ್ತಿಗೂ ಇದೇ: ನಿಂತ ಗೆರೆ, ಪಕ್ಕಕ್ಕೊಂದು ಚಿಕ್ಕ ಗೀಟು. ಆ ಪದದ ಹಳೆಯ ಉಚ್ಚಾರಣೆ "ಪುಕ್" ಎಂಬುದಕ್ಕೆ ಹತ್ತಿರ. ಎಲುಬು ಬಿರಿಯುವ ಸದ್ದೇ ಅದಕ್ಕೆ ಮೂಲ ಎಂದು ಹಲವು ವಿದ್ವಾಂಸರು ಎಣಿಸುತ್ತಾರೆ.

ಒಂದು ಸೂಕ್ಷ್ಮ ಇಲ್ಲಿದೆ. ಹೊಟ್ಟೆಚಿಪ್ಪಿನಲ್ಲಿ ದುಂಡು ಗುಳಿಯನ್ನು ಯಾವಾಗಲೂ ನಡುಗೆರೆಯ ಕಡೆಗೇ ತೋಡುತ್ತಿದ್ದರು. ಹಾಗಾಗಿ ಬಲ ಅರ್ಧದ ಅಡ್ಡ ಬಿರುಕುಗಳು ಎಡಕ್ಕೂ ಎಡ ಅರ್ಧದವು ಬಲಕ್ಕೂ ಚಾಚುತ್ತವೆ; ಎಲ್ಲವೂ ನಡುವನ್ನು ನೋಡುತ್ತವೆ. ಬೆರಳುದ್ದದ ಚೂರು ಸಿಕ್ಕರೂ ಅದು ಯಾವ ಪಕ್ಕದ್ದು ಎಂದು ಇದರಿಂದ ಹೇಳಬಹುದು. ಒಡೆದ ಚೂರುಗಳನ್ನು ಮತ್ತೆ ಜೋಡಿಸುವವರು ಮೊದಲು ನೋಡುವ ಗುರುತುಗಳಲ್ಲಿ ಇದೊಂದು.

ಒಂದೇ ಬಿರುಕಿಗೆ ಮುಗಿಯುತ್ತಿರಲಿಲ್ಲ. ಅದೇ ಮಾತನ್ನು ಐದು ಸಲ, ಹತ್ತು ಸಲ ಇಡುತ್ತಿದ್ದರು. ಪ್ರತಿ ಬಿರುಕಿನ ಪಕ್ಕದಲ್ಲಿ ಒಂದು, ಎರಡು, ಮೂರು ಎಂದು ಅಂಕಿ ಕೊರೆಯುತ್ತಿದ್ದರು. ವು ದಿಂಗ್‌ನ ಕಾಲದಲ್ಲಿ ಮಾತನ್ನು ಜೋಡಿಯಾಗಿ ಇಡುವುದೂ ರೂಢಿ: ಬಲಕ್ಕೆ "ಒಳ್ಳೆಯದಾಗುತ್ತದೆ", ಎಡಕ್ಕೆ "ಒಳ್ಳೆಯದಾಗಲಾರದು". ಇವು ಪ್ರಶ್ನಾರ್ಥಕ ವಾಕ್ಯಗಳೇ ಅಲ್ಲ, ಹೇಳಿಕೆಗಳು ಎಂದು ವಾದಿಸುವ ವಿದ್ವಾಂಸರಿದ್ದಾರೆ; ಆ ವಾದ ನನಗೆ ಒಪ್ಪಿಗೆ. ಹೀಗೆ ಮಾಡಬೇಕೆಂದಿದ್ದೇವೆ ಎಂದು ಹಿರಿಯರ ಮುಂದೆ ಅರಿಕೆ ಮಾಡಿ ಒಪ್ಪಿಗೆ ಕಾಯುವ ಧಾಟಿ ಅವುಗಳದ್ದು. ಬರಹ ಕೊರೆಯುವುದು ಎಲ್ಲಕ್ಕಿಂತ ಕೊನೆಯ ಕೆಲಸ. ಪೂರ್ಣ ಬರಹಕ್ಕೆ ನಾಲ್ಕು ಅಂಗ: ದಿನ ಮತ್ತು ಪ್ರಶ್ನೆ ಇಟ್ಟವನ ಹೆಸರು, ಇಟ್ಟ ಮಾತು, ಅರಸನ ತೀರ್ಪು, ನಡೆದದ್ದು. ನಾಲ್ಕೂ ಇರುವ ಚಿಪ್ಪು ಅಪರೂಪ, ಹೆಚ್ಚಿನವುಗಳಲ್ಲಿ ಮೊದಲೆರಡೇ.

ಈಗ ಫು ಹಾವ್‌ಳ ಚಿಪ್ಪಿಗೆ ಮರಳೋಣ. ಶಾಂಗರ ವಾರಕ್ಕೆ ಹತ್ತು ದಿನ. ಜಿಯಾ, ಯಿ, ಬಿಂಗ್, ದಿಂಗ್ ಎಂದು ಹತ್ತು ಹೆಸರು. ಅದರ ಜೊತೆಗೆ ಹನ್ನೆರಡರ ಇನ್ನೊಂದು ಸರಣಿ. ಎರಡೂ ಒಟ್ಟಿಗೆ ಉರುಳಿ 60 ದಿನಕ್ಕೆ ಮೊದಲಿನ ಜೋಡಿಗೆ ಬರುತ್ತವೆ. ನಮ್ಮ ಪ್ರಭವಾದಿ 60 ಸಂವತ್ಸರಗಳು ವರ್ಷ ಎಣಿಸುವ ಹಾಗೆ ಅವರು ದಿನ ಎಣಿಸುತ್ತಿದ್ದರು. ಜಿಯಾಶೆನ್ ಈ ಸರಣಿಯ 21ನೆಯದು, ಜಿಯಾಯಿನ್ 51ನೆಯದು. ಕಳೆದರೆ 30, ಚಿಪ್ಪಿನಲ್ಲಿ 31 ಎಂದಿದೆ. ತಪ್ಪಲ್ಲ, ಪ್ರಶ್ನೆ ಇಟ್ಟ ದಿನವನ್ನೂ ಸೇರಿಸಿ ಎಣಿಸಿದ್ದಾರೆ. ಶಾಂಗ್ ದಿನಾಂಕ ಲೆಕ್ಕಹಾಕುವವರು ಮೊದಲು ಎಡವುವುದು ಇಲ್ಲೇ.

ಅರಸ ಮಾತಾಡಿದ್ದು ಹತ್ತರಲ್ಲಿ ಎರಡು ದಿನದ ಬಗ್ಗೆ ಮಾತ್ರ. ಹೆರಿಗೆಯಾದದ್ದು ಜಿಯಾ ದಿನ; ಅದು ದಿಂಗೂ ಅಲ್ಲ, ಗೆಂಗೂ ಅಲ್ಲ. ಎಂದಮೇಲೆ "ಒಳ್ಳೆಯದಾಗಲಿಲ್ಲ" ಎಂಬುದು ಅರಸನ ಮಾತನ್ನು ಸುಳ್ಳುಮಾಡುವುದಿಲ್ಲ, ನಿಜಮಾಡುತ್ತದೆ. ಮಗಳು ಹುಟ್ಟಿದ್ದನ್ನು ಕೇಡೆಂದು ಕೊರೆದಿಟ್ಟ ಆ ಸಾಲು ಓದಲು ಕಷ್ಟವಾಗುತ್ತದೆ. ಆದರೆ ಕೊರೆದವನ ಉದ್ದೇಶ ಸ್ಪಷ್ಟ: ಬಿರುಕು ಓದುವ ಅರಸನ ಕಣ್ಣು ಸರಿಯಾಗಿತ್ತು. ಪ್ರಶ್ನೆ ಇಡುವವರ ಹೆಸರು ನೂರಕ್ಕೂ ಹೆಚ್ಚು ಸಿಕ್ಕಿವೆ. ತೀರ್ಪು ಹೇಳುವವನು ಮಾತ್ರ ಬಹುಪಾಲು ಅರಸನೊಬ್ಬನೇ. ಸತ್ತ ಹಿರಿಯರ ಜೊತೆ ಮಾತಾಡುವ ಹಕ್ಕೇ ಅವನ ಆಳ್ವಿಕೆಗೆ ಬುಡ.

ಆ ಹಿರಿಯರು ಯಾರು? ವು ದಿಂಗ್‌ಗೆ ಹಲ್ಲುನೋವು ಬಂದಾಗಿನ ಐದು ಚಿಪ್ಪುಗಳನ್ನು ನೋಡಿ. ನೋವು ಕೊಡುತ್ತಿರುವುದು ತಂದೆ ಜಿಯಾನೋ, ತಂದೆ ಗೆಂಗನೋ, ತಂದೆ ಶಿನ್ನನೋ, ತಂದೆ ಯಿಯೋ ಎಂದು ಒಬ್ಬೊಬ್ಬರ ಹೆಸರಿಟ್ಟು, ಹೌದು–ಅಲ್ಲ ಎಂದು ಜೋಡಿಜೋಡಿಯಾಗಿ ಕೇಳಿದ್ದಾರೆ. ನಾಲ್ಕು ಜನ ತಂದೆಯರೆಂದು ಗಾಬರಿ ಬೇಡ. ತಂದೆಯ ಅಣ್ಣತಮ್ಮಂದಿರೂ ತಂದೆಯರೇ. ದೊಡ್ಡಪ್ಪ, ಚಿಕ್ಕಪ್ಪ ಎನ್ನುವ ನಮಗೆ ಇದನ್ನು ವಿವರಿಸಬೇಕಿಲ್ಲ. ನಾಲ್ವರೂ ಒಬ್ಬರಾದಮೇಲೊಬ್ಬರು ಪಟ್ಟಕ್ಕೆ ಬಂದ ಅಣ್ಣತಮ್ಮಂದಿರು. ಕೊನೆಯವನೇ ವು ದಿಂಗ್‌ನ ಹೆತ್ತ ತಂದೆ. ಜೊತೆಗೆ ಇಟ್ಟ ಮಾತು: ತಂದೆ ಗೆಂಗ್‌ಗೆ ಒಂದು ನಾಯಿ ಕೊಟ್ಟು, ಒಂದು ಕುರಿ ಸೀಳಬೇಕು. ಇದೇ ಐದು ಚಿಪ್ಪುಗಳ ಮೇಲೆ, ಮುಂದಿನ ಯುದ್ಧದಲ್ಲಿ ಅರಸ ಯಾವ ಮಿತ್ರನ ಜೊತೆ ಹೋಗಬೇಕು ಎಂಬ ಪ್ರಶ್ನೆಯೂ ಇದೆ. ಹಲ್ಲಿಗೂ ಯುದ್ಧಕ್ಕೂ ಒಂದೇ ಚಿಪ್ಪು.

ಜಿಯಾ, ಗೆಂಗ್, ಶಿನ್, ಯಿ ಎಂಬುವು ವಾರದ ದಿನಗಳ ಹೆಸರೇ. ಸತ್ತಮೇಲೆ ಅರಸನಿಗೆ ಒಂದು ದಿನದ ಹೆಸರು ಸಿಗುತ್ತಿತ್ತು. ಆ ದಿನವೇ ಅವನಿಗೆ ಎಡೆ. ಕೊನೆಯ ಅರಸರ ಹೊತ್ತಿಗೆ ಇದು ಐದು ಬಗೆಯ ಪೂಜೆಗಳ ಕಟ್ಟುನಿಟ್ಟಿನ ಸರದಿಯಾಯಿತು. ಎಲ್ಲ ಹಿರಿಯರಿಗೂ ಐದೂ ಪೂಜೆ ಮುಗಿಸಲು 36 ಅಥವಾ 37 ವಾರ, ಅಂದರೆ 360 ಅಥವಾ 370 ದಿನ ಬೇಕಾಗುತ್ತಿತ್ತು. ಹೆಚ್ಚುಕಡಿಮೆ ಒಂದು ವರ್ಷ. ಪೂಜೆಯ ಸುತ್ತನ್ನು ಸೂಚಿಸುವ ಪದವೇ ವರ್ಷ ಎಂಬರ್ಥಕ್ಕೂ ಬಂತು.

ಹಿರಿಯರ ಮೇಲೆ ದಿ ಎಂಬ ದೊಡ್ಡ ದೈವ. ಮಳೆ, ಗಾಳಿ, ಗುಡುಗು ಅದರ ಅಪ್ಪಣೆ. "ದಿ ಮಳೆಗೆ ಅಪ್ಪಣೆ ಕೊಡುತ್ತದೆ" ಎಂಬ ಮಾತು ಚಿಪ್ಪುಗಳಲ್ಲಿ ಮತ್ತೆ ಮತ್ತೆ ಬರುತ್ತದೆ, ಆದರೆ ದಿ ಗೆ ನೇರವಾಗಿ ಬಲಿ ಕೊಟ್ಟದ್ದಕ್ಕೆ ಸ್ಪಷ್ಟ ದಾಖಲೆ ಇಲ್ಲ. ಇತ್ತೀಚೆಗೆ ಸತ್ತವನ ಹತ್ತಿರ ಹಲ್ಲುನೋವಿನ ಮಾತು, ಬಹು ಹಿಂದಿನ ಹಿರಿಯರ ಹತ್ತಿರ ಮತ್ತು ಹಳದಿ ನದಿಯಂಥ ದೈವಗಳ ಹತ್ತಿರ ಬೆಳೆ–ಮಳೆಯ ಮಾತು. ಮೇಲೇರಿದಷ್ಟೂ ಲಂಚಕ್ಕೆ ಬಗ್ಗದ ಶಕ್ತಿ.

ಬಲಿಯ ವಿಧಾನಕ್ಕೆ ಒಂದೊಂದಕ್ಕೂ ಬೇರೆ ಪದವಿತ್ತು: ಸುಡುವುದು, ಹೂಳುವುದು, ನೀರಿಗೆ ಮುಳುಗಿಸುವುದು, ಸೀಳುವುದು. ನದಿಗೆ ಮುಳುಗಿಸಿದ್ದು ಎತ್ತು. ಮನುಷ್ಯರೂ ಬಲಿಯಾಗುತ್ತಿದ್ದರು, ಹೆಚ್ಚಾಗಿ ಪಶ್ಚಿಮದಿಂದ ಸೆರೆಹಿಡಿದು ತಂದ ಚಿಯಾಂಗ್ ಜನ. ಒಂದು ಬರಹದಲ್ಲಿ 300 ಚಿಯಾಂಗರ ಪ್ರಸ್ತಾಪವಿದೆ. ಆನ್ಯಾಂಗ್‌ನ ರಾಜಸಮಾಧಿಗಳ ಪಕ್ಕದಲ್ಲಿ ಸಾಲುಸಾಲಾಗಿ ಸಿಕ್ಕಿರುವ ತಲೆಯಿಲ್ಲದ ಅಸ್ಥಿಪಂಜರಗಳು ಇದು ಬರಿ ಬರಹವಲ್ಲ ಎಂದು ತೋರಿಸುತ್ತವೆ. 1976ರಲ್ಲಿ ತೆರೆದ ಫು ಹಾವ್‌ಳ ಸಮಾಧಿಯಲ್ಲೂ 468 ಕಂಚಿನ ವಸ್ತುಗಳು ಮತ್ತು 755 ಜೇಡ್ ವಸ್ತುಗಳ ಜೊತೆ 16 ಮನುಷ್ಯರೂ 6 ನಾಯಿಗಳೂ ಇದ್ದರು. ಈ ಧರ್ಮದ ಬಗ್ಗೆ ಬರೆಯುವವರು ಕಂಚಿನ ಚೆಲುವನ್ನು ಹೊಗಳಿ ಈ ಲೆಕ್ಕ ಬಿಟ್ಟುಬಿಡಬಾರದು.

ವು ದಿಂಗ್ ಕೇಳದ ವಿಷಯವಿರಲಿಲ್ಲ: ಕನಸು, ಬೇಟೆ, ಬೆಳೆ, ಹೆರಿಗೆ, ಯುದ್ಧ. ಅವನಿಂದ ಮುಂದೆ ಸುಮಾರು ಎರಡು ಶತಮಾನ ಕಳೆದು ಶಾಂಗರ ಕೊನೆಗೆ ಬರುವಾಗ ಅಕ್ಷರ ಸಣ್ಣದಾಗಿ, ಮಾತು ಒಂದೇ ಅಚ್ಚಿಗೆ ಬಿದ್ದಿರುತ್ತದೆ: ಬರುವ ಹತ್ತು ದಿನ ಕೇಡಿಲ್ಲ. ಅರಸ ನೋಡಿ ಹೇಳಿದ: ಶುಭ. ಮುಂದಿನ ವಾರ ಮತ್ತೆ ಅದೇ. ಅಶುಭವೆಂಬ ತೀರ್ಪು ಸಿಗುವುದೇ ಕಷ್ಟ. ಕೇಳುವ ತವಕ ಹೋಗಿ ಪಾಳಿಯ ಕೆಲಸ ಉಳಿದಿತ್ತು. ವಿದ್ವಾಂಸ ದೊಂಗ್ ಜುವೊಬಿನ್ 1933ರಲ್ಲಿ ಚಿಪ್ಪುಗಳನ್ನು ಐದು ಕಾಲಘಟ್ಟಗಳಾಗಿ ವಿಂಗಡಿಸಿದ್ದರಿಂದಲೇ ಈ ಬದಲಾವಣೆ ಕಣ್ಣಿಗೆ ಬಿದ್ದದ್ದು.

ಇವನ್ನೆಲ್ಲ ರೈತರು ಹೊಲದಲ್ಲಿ ಅಗೆದು "ಡ್ರ್ಯಾಗನ್ ಎಲುಬು" ಎಂದು ಔಷಧಿ ಅಂಗಡಿಗೆ ಮಾರುತ್ತಿದ್ದರು; ಎಷ್ಟು ಅರೆದು ಕುಡಿದು ಹೋಯಿತೋ ಲೆಕ್ಕವಿಲ್ಲ. 1899ರಲ್ಲಿ ವಾಂಗ್ ಯಿರೊಂಗ್ ಎಂಬ ಅಧಿಕಾರಿ ಅದರ ಮೇಲಿನ ಗೀಟುಗಳು ಹಳೆಯ ಅಕ್ಷರವೆಂದು ಗುರುತಿಸಿ ಕೊಳ್ಳತೊಡಗಿದ. ಬೆಲೆ ಏರಿತು, ನಕಲಿಯೂ ಬಂತು. ಬರಹವಿಲ್ಲದ ನಿಜವಾದ ಹಳೆಯ ಎಲುಬು ಬೇಕಾದಷ್ಟು ಸಿಗುತ್ತಿದ್ದುದರಿಂದ ಅದರ ಮೇಲೆಯೇ ಅಕ್ಷರ ಕೊರೆದು ಮಾರಿದರು. ಅಂಥದ್ದರಲ್ಲಿ ಎಲುಬಿನ ವಯಸ್ಸು ಪರೀಕ್ಷಿಸಿ ಫಲವಿಲ್ಲ, ಎಲುಬು ಅಸಲಿಯೇ. ನೋಡಬೇಕಾದ್ದು ಬರಹಕ್ಕೂ ಬಿರುಕಿಗೂ ಸಂಬಂಧವಿದೆಯೇ, ದಿನದ ಹೆಸರುಗಳ ಜೋಡಿ 60ರ ಸರಣಿಯಲ್ಲಿ ನಿಜಕ್ಕೂ ಬರುತ್ತದೆಯೇ ಎಂಬುದು. 120 ಜೋಡಿಗಳಲ್ಲಿ ಅರ್ಧ ಮಾತ್ರ ಸಾಧ್ಯ. ಗೊತ್ತಿಲ್ಲದವನು ಕೊರೆದರೆ ಸಿಕ್ಕಿಬೀಳುತ್ತಾನೆ.

1928ರಲ್ಲಿ ವೈಜ್ಞಾನಿಕ ಉತ್ಖನನ ಶುರುವಾದ ಮೇಲೆ ಈ ತೊಂದರೆ ತಗ್ಗಿತು. 1936ರ ಜೂನ್‌ನಲ್ಲಿ ಸಿಕ್ಕ 127ನೆಯ ಗುಂಡಿಯೊಂದರಲ್ಲೇ 17,096 ತುಣುಕುಗಳಿದ್ದವು. ಮಣ್ಣುಸಮೇತ ಇಡಿಯಾಗಿ ಎತ್ತಿ ನಾನ್‌ಜಿಂಗ್‌ಗೆ ಸಾಗಿಸಿ ಅಲ್ಲಿ ಬಿಡಿಸಿದರು. ಇಂದು ಆನ್ಯಾಂಗ್‌ಗೆ ಹೋದವರು 2024ರ ಫೆಬ್ರವರಿಯಲ್ಲಿ ತೆರೆದ ಹೊಸ ಯಿನ್‌ಶು (ಶಾಂಗ್ ರಾಜಧಾನಿಯ ಅವಶೇಷ) ವಸ್ತುಸಂಗ್ರಹಾಲಯ ನೋಡಬಹುದು. ಅಕ್ಷರವಿರುವ ಮುಂಬದಿಯ ಎದುರು ಜನ ಮುತ್ತಿಕೊಂಡಿರುತ್ತಾರೆ. ಎಲ್ಲಾದರೂ ಹಿಂಬದಿ ಕಾಣುವಂತೆ ಇಟ್ಟಿದ್ದರೆ ಅಲ್ಲಿ ಹೆಚ್ಚು ಹೊತ್ತು ನಿಲ್ಲಿ. ಸಾಲುಸಾಲು ಗುಳಿಗಳು, ಕೆಲವಕ್ಕೆ ಕಪ್ಪು ಸುಟ್ಟ ಕಲೆ. ಕೆಲವು ತೋಡಿ ಸಿದ್ಧಮಾಡಿದ ಮೇಲೂ ಕೆಂಡ ಕಾಣದೆ ಹಾಗೇ ಉಳಿದಿವೆ.